ಕಮಿಷನರ್ ಗಿರಿ ಬಿಟ್ಟು ಬ್ಯಾಂಕ್ ಹಿಡಿದ ಮೆಕ್‌ಲಾಫ್ಲಿನ್ ಸಾಹೇಬರ ಕಥೆ

ಊರಿಗೊಬ್ಬ ಖಡಕ್ ಪೊಲೀಸ್ ಅಧಿಕಾರಿ ಬಂದ ಅಂದ್ರೆ ಸಾಕು, ಬಸ್ ಸ್ಟ್ಯಾಂಡ್ ಎದುರಿನ ಹೋಟೆಲಿನಲ್ಲಿ ಮೊದಲು ಹುಟ್ಟುವ ಪ್ರಶ್ನೆ ಒಂದೇ. ಈ ಪುಣ್ಯಾತ್ಮ ಎಷ್ಟು ದಿನ ಇರ್ತಾನೆ? ಜೇಬುಗಳ್ಳರನ್ನು ಹಿಡಿದರೆ ಶಾಲು ಹೊದಿಸುತ್ತಾರೆ, ಹಾರ ಹಾಕುತ್ತಾರೆ. ಪುಢಾರಿಗಳ ಇಸ್ಪೀಟು ಕ್ಲಬ್ಬಿಗೆ ಕೈ ಹಾಕಿದನೋ, ಮುಗೀತು, ಎತ್ತಂಗಡಿ ಆರ್ಡರು ರೆಡಿ. ಇದು ನಮ್ಮ ಕಡೆಯದೇ ಕಾಯಿಲೆ ಎಂದು ತಿಳಿದವರು ಬಹಳ ಜನ. ಅಂಥವರು ಅಮೆರಿಕದ ನ್ಯೂಯಾರ್ಕ್ ನಗರದಲ್ಲಿ ಹದಿನೈದು ತಿಂಗಳು ಪೊಲೀಸ್ ಕಮಿಷನರ್ ಆಗಿದ್ದು, ಆಮೇಲೆ ಇಪ್ಪತ್ತು ವರ್ಷಕ್ಕೂ ಮೇಲೆ ಬ್ಯಾಂಕ್ ನಡೆಸಿದ ಜಾರ್ಜ್ ವಿನ್ಸೆಂಟ್ ಮೆಕ್‌ಲಾಫ್ಲಿನ್ ಎಂಬಾತನ ಕಥೆಯನ್ನು ಒಮ್ಮೆ ಕೇಳಬೇಕು.

ಈತ ಹುಟ್ಟಿದ್ದು 1887ರಲ್ಲಿ, ಬ್ರೂಕ್ಲಿನ್‌ನಲ್ಲಿ. ಐರಿಷ್ ಮೂಲದ ಮನೆತನ. ಬ್ರೂಕ್ಲಿನ್ ಅಂದ್ರೆ ಆಗ ತನ್ನದೇ ಠೀವಿಯ ಬೇರೆ ಊರು. 1898ರಲ್ಲಿ ಅದನ್ನು ನ್ಯೂಯಾರ್ಕ್ ನಗರಕ್ಕೆ ಸೇರಿಸಿದರು. ಸೇರಿಸಿದ ಮೇಲೂ ಅಲ್ಲಿನವರಿಗೆ ನಾವೇ ಬೇರೆ, ನದಿಯಾಚೆಯ ಮ್ಯಾನ್‌ಹಟನ್‌ನವರೇ ಬೇರೆ ಎಂಬ ಅಭಿಮಾನ ಹೋಗಲಿಲ್ಲ. ನಮ್ಮ ಮೆಕ್‌ಲಾಫ್ಲಿನ್ ಸಾಹೇಬರಿಗೂ ಈ ಅಭಿಮಾನ ಕೊನೆಯ ತನಕ ಇತ್ತು ಎಂಬುದು ಮುಂದೆ ನಿಮಗೇ ಗೊತ್ತಾಗುತ್ತದೆ.

ಮನುಷ್ಯ ಮೊದಲಿಗೆ ಪೊಲೀಸಿನವನಲ್ಲ. ಲೆಕ್ಕದ ಪುಸ್ತಕದ ಗಿರಾಕಿ. 1920ರಲ್ಲಿ ನ್ಯೂಯಾರ್ಕ್ ರಾಜ್ಯದ ಬ್ಯಾಂಕುಗಳ ಸೂಪರಿಂಟೆಂಡೆಂಟ್ ಎಂಬ ಹುದ್ದೆಗೆ ಬಂದ. ರಾಜ್ಯದ ಲೈಸೆನ್ಸಿನ ಮೇಲೆ ನಡೆಯುವ ಬ್ಯಾಂಕುಗಳ ತಿಜೋರಿಯಲ್ಲಿ ದುಡ್ಡಿದೆಯೋ ಬರೀ ಕಾಗದ ಇದೆಯೋ ಎಂದು ನೋಡುವ ಕೆಲಸ. ಠೇವಣಿ ಇಟ್ಟ ಬಡವರ ಕಾಸು ಉಳಿಯಬೇಕೆಂದರೆ ಈ ಕುರ್ಚಿಯಲ್ಲಿ ಕೂತವನು ನೆಟ್ಟಗಿರಬೇಕು. ನೆಟ್ಟಗಿಲ್ಲದಿದ್ದರೆ ಏನಾಗುತ್ತೆ ಅನ್ನೋದಕ್ಕೆ ದೂರ ಹೋಗಬೇಕಾಗಿಲ್ಲ. ಮೆಕ್‌ಲಾಫ್ಲಿನ್ ಎದ್ದು ಹೋದ ಮೇಲೆ ಅದೇ ಕುರ್ಚಿಗೆ ಬಂದ ಫ್ರಾಂಕ್ ವಾರ್ಡರ್ ಎಂಬುವನು ಸಿಟಿ ಟ್ರಸ್ಟ್ ಎಂಬ ಬ್ಯಾಂಕಿನಿಂದ ಲಂಚ ತಿಂದ. 1929ರಲ್ಲಿ ಆ ಬ್ಯಾಂಕ್ ಮುಳುಗಿತು. ವಾರ್ಡರ್ ಜೈಲಿಗೆ ಹೋದ. ಒಂದೇ ಕುರ್ಚಿ, ಇಬ್ಬರು ಮನುಷ್ಯರು.

ಆ ಕಾಲದಲ್ಲಿ ರಾಜ್ಯದ ಗವರ್ನರ್ ಆಲ್ ಸ್ಮಿತ್. ಅಲ್ಲಿ ಗವರ್ನರ್ ಅಂದ್ರೆ ನಮ್ಮಲ್ಲಿಯ ರಾಜ್ಯಪಾಲರ ಹಾಗಲ್ಲ ಸ್ವಾಮಿ, ಮುಖ್ಯಮಂತ್ರಿ ಇದ್ದ ಹಾಗೆ. ಸ್ಮಿತ್‌ಗೆ ಈ ಲೆಕ್ಕದ ಮನುಷ್ಯನ ಮೇಲೆ ಬಹಳ ನಂಬಿಕೆ. 1925ರ ಕೊನೆಗೆ ನ್ಯೂಯಾರ್ಕ್ ನಗರಕ್ಕೆ ಹೊಸ ಮೇಯರ್ ಗೆದ್ದು ಬಂದ. ಹೆಸರು ಜಿಮ್ಮಿ ವಾಕರ್. ಶೋಕಿವಾಲ. ಹಗಲು ಹೊತ್ತು ಆಫೀಸಿನಲ್ಲಿ ಕಾಣುವುದು ಕಡಿಮೆ, ರಾತ್ರಿ ಹೊತ್ತು ನೈಟ್ ಕ್ಲಬ್ಬಿನಲ್ಲಿ ಕಾಣುವುದು ಜಾಸ್ತಿ. ಜನರಿಗೆ ಮಾತ್ರ ಅವನೆಂದರೆ ಪ್ರಾಣ. ಇಂಥ ವಾಕರ್ ತನ್ನ ಪೊಲೀಸ್ ಕಮಿಷನರ್ ಆಗಿ ಆರಿಸಿಕೊಂಡಿದ್ದು ಸ್ಮಿತ್ ಮೆಚ್ಚಿದ ಮೆಕ್‌ಲಾಫ್ಲಿನ್‌ನನ್ನು! 1926ರ ಜನವರಿ 1ರಂದು ಹೊಸ ಮೇಯರ್, ಹೊಸ ಕಮಿಷನರ್ ಇಬ್ಬರೂ ಅಧಿಕಾರಕ್ಕೆ ಬಂದರು.

ಇಲ್ಲೊಂದು ಮಾತು ಹೇಳಿಬಿಡಬೇಕು. ನಮ್ಮಲ್ಲಿ ಕಮಿಷನರ್ ಅಂದ್ರೆ ಐಪಿಎಸ್ ಮುಗಿಸಿ, ಲಾಠಿ ಹಿಡಿದು, ಮೆಟ್ಟಿಲು ಹತ್ತಿ ಬಂದವರು. ನ್ಯೂಯಾರ್ಕಿನಲ್ಲಿ ಹಾಗಲ್ಲ. ಮೇಯರ್ ಯಾರನ್ನು ಬೇಕಾದರೂ ತಂದು ಕೂರಿಸಬಹುದು, ಖಾಕಿ ತೊಡದವನನ್ನೂ ಸಹ. ಕೂರಿಸಿದ ಕೈಯೇ ಇಳಿಸಲೂಬಹುದು. ಕಮಿಷನರ್ ಗಿರಿಯ ಬಲವೂ ಅದೇ, ದೌರ್ಬಲ್ಯವೂ ಅದೇ.

ಬ್ಯಾಂಕಿನ ಲೆಕ್ಕ ನೋಡಿ ಅಭ್ಯಾಸವಾದ ಮನುಷ್ಯ ಪೊಲೀಸ್ ಇಲಾಖೆಗೆ ಬಂದು ನೋಡಿದ್ದೇನು? ಅಮೆರಿಕದಲ್ಲಿ ಆಗ ಪಾನನಿಷೇಧ. ಕಾನೂನಿನಲ್ಲಿ ಹೆಂಡ ಇಲ್ಲ, ಗಲ್ಲಿಗಲ್ಲಿಯಲ್ಲೂ ಇದೆ. ಹೆಂಡದ ಹಿಂದೆ ಜೂಜು, ಜೂಜಿನ ಹಿಂದೆ ರೌಡಿ, ರೌಡಿಯ ಹಿಂದೆ ರಾಜಕೀಯ. ಆ ಊರಿನ ರಾಜಕೀಯವನ್ನೆಲ್ಲ ಮುಷ್ಟಿಯಲ್ಲಿ ಹಿಡಿದಿದ್ದ ಕೂಟಕ್ಕೆ ಟ್ಯಾಮನಿ ಹಾಲ್ ಎಂದು ಹೆಸರು. ಡೆಮಾಕ್ರಟಿಕ್ ಪಕ್ಷದ ನಗರ ಘಟಕ ಅನ್ನಿ. ಪ್ರತಿ ವಾರ್ಡಿಗೂ ಅವರದ್ದೊಂದು ಕ್ಲಬ್ಬು. ಹಗಲು ಹೊತ್ತು ಅಲ್ಲಿ ಬಡವರಿಗೆ ಕಲ್ಲಿದ್ದಲು, ಕೆಲಸಕ್ಕೆ ಶಿಫಾರಸ್ಸು ಚೀಟಿ, ಸತ್ತವರ ಮನೆಗೆ ಸಹಾಯ, ಎಲ್ಲ ಸಿಗುತ್ತಿತ್ತು. ಇದನ್ನು ಅಲ್ಲಗಳೆಯುವ ಹಾಗಿಲ್ಲ. ರಾತ್ರಿ ಆದ ಮೇಲೆ ಹಲವು ಕ್ಲಬ್ಬುಗಳಲ್ಲಿ ಬಾಗಿಲು ಮುಚ್ಚಿ ಜೂಜು. ಜೂಜು ನಡೆಸುವವನಿಗೆ ಅದಕ್ಕಿಂತ ಭದ್ರವಾದ ಜಾಗ ಬೇರೆ ಎಲ್ಲಿದೆ? ಪೊಲೀಸಿನವನಿಗೆ ಪ್ರಮೋಷನ್ ಕೊಡಿಸುವ ಪುಢಾರಿಯ ಕ್ಲಬ್ಬಿಗೆ ಪೊಲೀಸಿನವನು ನುಗ್ಗುತ್ತಾನೆಯೇ?

ನುಗ್ಗಿಸಿದ, ನಮ್ಮ ಮೆಕ್‌ಲಾಫ್ಲಿನ್!

ಅದಕ್ಕೆ ಆತ ಆರಿಸಿಕೊಂಡ ಮನುಷ್ಯ ಲೂಯಿಸ್ ವ್ಯಾಲೆಂಟೈನ್. ಬ್ರೂಕ್ಲಿನ್‌ನವನೇ. ಹಿಂದಿನ ಕಮಿಷನರ್ ಎನ್‌ರೈಟ್ ಕಾಲದಲ್ಲಿ ಯಾರಿಗೂ ಬಗ್ಗದೆ ಮೂಲೆಗೆ ಬಿದ್ದಿದ್ದ ಅಧಿಕಾರಿ. ಮೆಕ್‌ಲಾಫ್ಲಿನ್ ಅವನನ್ನು ಎತ್ತಿ ತಂದು, ಬಡ್ತಿ ಕೊಟ್ಟು, ಗುಪ್ತ ದಳದ ಮುಖ್ಯಸ್ಥನನ್ನಾಗಿ ಮಾಡಿದ. ಠಾಣೆಯವರಿಗೆ ಸುಳಿವೇ ಸಿಗದ ಹಾಗೆ ನೇರ ಕಮಿಷನರ್ ಹೇಳಿದಲ್ಲಿಗೆ ಹೋಗಿ ಬಾಗಿಲು ಒಡೆಯುವ ದಳ ಅದು. ಜೂಜಿನ ಅಡ್ಡೆಗಳ ಮೇಲೂ ದಾಳಿ, ಲಂಚ ತಿನ್ನುವ ಪೊಲೀಸರ ಮೇಲೂ ಕಣ್ಣು.

ಒಂದು ದಾಳಿ ಮಾತ್ರ ಆಮೇಲೆ ದೇಶಕ್ಕೆಲ್ಲ ನಗೆಪಾಟಲಾಯಿತು. ಟಾಮ್ ಫಾರ್ಲಿ ಎಂಬ ಟ್ಯಾಮನಿ ನಾಯಕನ ಕ್ಲಬ್ಬಿಗೆ 1926ರಲ್ಲಿ ವ್ಯಾಲೆಂಟೈನ್ ಪಡೆ ನುಗ್ಗಿತ್ತು. ಐದು ವರ್ಷ ಬಿಟ್ಟು, 1931ರಲ್ಲಿ, ನ್ಯಾಯಮೂರ್ತಿಯಾಗಿದ್ದ ಸ್ಯಾಮ್ಯುಯೆಲ್ ಸೀಬರಿ ಎಂಬಾತ ನಗರದ ಭ್ರಷ್ಟಾಚಾರದ ವಿಚಾರಣೆ ನಡೆಸುವಾಗ ಫಾರ್ಲಿಯನ್ನು ಕರೆಸಿ ಕೇಳಿದ, ಅಷ್ಟು ಹೊತ್ತಿನಲ್ಲಿ ನಿಮ್ಮ ಕ್ಲಬ್ಬಿನಲ್ಲಿ ಜನ ಏನು ಮಾಡುತ್ತಿದ್ದರು ಅಂತ. ಮಕ್ಕಳ ಪ್ರವಾಸಕ್ಕೆ ಆಟದ ಸಾಮಾನು ಕಟ್ಟುತ್ತಿದ್ದರು, ಬ್ಯಾಟು, ಚೆಂಡು, ಸ್ಕಿಪ್ಪಿಂಗ್ ಹಗ್ಗ ಎಂದು ಮಹಾಶಯನ ಉತ್ತರ. ರಾತ್ರಿ ಎರಡು ಗಂಟೆಗೆ! ಅದೇ ಫಾರ್ಲಿ ವರ್ಷಕ್ಕೆ ಹತ್ತು ಸಾವಿರ ಡಾಲರಿಗಿಂತ ಕಡಿಮೆ ಸಂಬಳದಲ್ಲಿ ಕೆಲವೇ ವರ್ಷಗಳಲ್ಲಿ ಬ್ಯಾಂಕಿಗೆ ಮೂರೂವರೆ ಲಕ್ಷ ಡಾಲರಿಗೂ ಮೇಲೆ ಕಟ್ಟಿದ್ದ. ಎಲ್ಲಿಂದ ಬಂತು ಅಂದರೆ ಮನೆಯ ತಗಡಿನ ಡಬ್ಬಿಯಿಂದ ಎಂದ. 1932ರಲ್ಲಿ ಗವರ್ನರ್ ಆಗಿದ್ದ ಫ್ರಾಂಕ್ಲಿನ್ ರೂಸ್‌ವೆಲ್ಟ್ ಆತನನ್ನು ಶೆರಿಫ್ ಹುದ್ದೆಯಿಂದ ಕಿತ್ತು ಹಾಕಿದರು.

ಅದು ಆಮೇಲಿನ ಮಾತು. 1926ರಲ್ಲಿ ನಡೆದಿದ್ದು ಬೇರೆ. ಪೊಲೀಸರು ಹಿಡಿದು ತಂದರೆ ಕೋರ್ಟಿನಲ್ಲಿ ಮ್ಯಾಜಿಸ್ಟ್ರೇಟರು ಬಿಟ್ಟು ಕಳಿಸುತ್ತಿದ್ದರು. ಮ್ಯಾಜಿಸ್ಟ್ರೇಟರೂ ಅದೇ ಕ್ಲಬ್ಬುಗಳ ಕೃಪೆಯಿಂದ ಬಂದವರೇ ತಾನೆ. 1926, 27ರ ಜೂಜಿನ ದಾಳಿಗಳಲ್ಲಿ ಸಿಕ್ಕಿಬಿದ್ದ 514 ಜನರಲ್ಲಿ ಮೇಲಿನ ಕೋರ್ಟಿನ ವಿಚಾರಣೆಗೆ ಹೋದವರು ಬರೀ 5 ಜನ ಎಂದು ಸೀಬರಿ ವಿಚಾರಣೆಯಲ್ಲಿ ಹೊರಬಿತ್ತು. ಉಳಿದ 509 ಮಂದಿ ಟೋಪಿ ಸರಿಮಾಡಿಕೊಂಡು ಮನೆಗೆ ಹೋದರು. ಆದರೂ ಕಮಿಷನರ್ ದಾಳಿ ನಿಲ್ಲಿಸಲಿಲ್ಲ.

ಹಾಗಂತ ಈತನ ಕಾಲದಲ್ಲಿ ಬರೀ ಜೂಜಿನ ಸುದ್ದಿಯೇ ಅಂತ ತಿಳೀಬೇಡಿ. 1926ರ ಆಗಸ್ಟ್‌ನಲ್ಲಿ ಸಿನಿಮಾ ನಟ ರುಡಾಲ್ಫ್ ವ್ಯಾಲೆಂಟಿನೊ ಮೂವತ್ತೊಂದನೇ ವಯಸ್ಸಿಗೇ ನ್ಯೂಯಾರ್ಕಿನಲ್ಲಿ ತೀರಿಕೊಂಡ. ಹೆಣ ನೋಡಲು ಬಂದ ಜನಸಾಗರಕ್ಕೆ ಅಂಗಡಿಯ ಗಾಜೆಲ್ಲ ಪುಡಿಪುಡಿ. ಕುದುರೆ ಪೊಲೀಸರು ನುಗ್ಗಬೇಕಾಯಿತು. ನೆಚ್ಚಿನ ನಟನ ಅಂತಿಮ ದರ್ಶನ ಅಂದರೆ ಏನು ಅನ್ನೋದನ್ನು ನಮ್ಮ ಓದುಗರಿಗೆ ಬಿಡಿಸಿ ಹೇಳಬೇಕಾಗಿಲ್ಲ.

1927ರ ಫೆಬ್ರವರಿಯಲ್ಲಿ ಇನ್ನೊಂದು ಗಲಾಟೆ. ನಾಟಕದಲ್ಲಿ ಅಶ್ಲೀಲ ಜಾಸ್ತಿ ಆಯಿತೆಂದು ಬೊಬ್ಬೆ ಎದ್ದಿತ್ತು. ಮೇಯರ್ ವಾಕರ್ ಹವಾನಾಕ್ಕೆ ಮೋಜಿಗೆ ಹೋಗಿದ್ದ ಹೊತ್ತು. ಹಂಗಾಮಿ ಮೇಯರ್ ಜೋಸೆಫ್ ಮೆಕ್‌ಕೀ ಕಾಲದಲ್ಲಿ ಪೊಲೀಸರು ಒಂದೇ ರಾತ್ರಿ ಮೂರು ನಾಟಕಗಳ ಮೇಲೆ ದಾಳಿ ಮಾಡಿದರು. ಹಿಡಿದವರಲ್ಲಿ ಮೇ ವೆಸ್ಟ್ ಎಂಬ ನಟಿಯೂ ಇದ್ದಳು. ಹತ್ತು ದಿನದ ಸಜೆ ಆಗಿ, ಎಂಟು ದಿನ ಇದ್ದು ಹೊರಬಂದಳು. ಹೊರಬಂದವಳು ಮೊದಲಿಗಿಂತ ಹತ್ತುಪಟ್ಟು ಪ್ರಸಿದ್ಧಿ! ಇದರಲ್ಲಿ ಕಮಿಷನರಿಗೆ ಕೀರ್ತಿ ಬಂತು ಅಂತ ನಮಗೇನೂ ಅನಿಸುವುದಿಲ್ಲ. ಜೂಜಿನ ಅಡ್ಡೆ ಒಡೆದ ಕೈ ನಾಟಕದ ಪರದೆಗೂ ಹೋಗಬೇಕಿತ್ತೇ?

ಕೊನೆಗೆ ಬೆಂಕಿ ಹತ್ತಿದ್ದು ತವರೂರಿನಲ್ಲೇ. ಬ್ರೂಕ್ಲಿನ್‌ನ ಗ್ರೀನ್‌ಪಾಯಿಂಟ್ ಎಂಬ ಬಡಾವಣೆಯಲ್ಲಿ ಪೀಟರ್ ಮೆಕ್‌ಗಿನ್ನಿಸ್ ಎಂಬ ಕಾರ್ಪೊರೇಟರ್. ಅಲ್ಲಿ ಆಲ್ಡರ್‌ಮನ್ ಅನ್ನುತ್ತಾರೆ. ಕೂಲಿನಾಲಿ ಮಾಡಿ ಮೇಲೆ ಬಂದವನು, ದೊಡ್ಡ ಬಾಯಿ, ವಾರ್ಡಿನವರಿಗೆಲ್ಲ ಬೇಕಾದವನು. ತನ್ನ ಬಡಾವಣೆಯೇ ಭೂಲೋಕದ ನಂದನವನ ಎಂದು ಸಾರುತ್ತಿದ್ದ ಆಸಾಮಿ. 1927ರ ಮೊದಲ ತಿಂಗಳುಗಳಲ್ಲಿ ಇವನ ಕ್ಲಬ್ಬಿನ ಮೇಲೂ ದಾಳಿ ಆಯಿತು. ಕುದುರೆ ಬಾಜಿ ನಡೆಸುತ್ತಿದ್ದಾರೆ ಎಂಬ ಆರೋಪ. ಮೆಕ್‌ಗಿನ್ನಿಸ್ ಸುಮ್ಮನಿರುವ ಜಾತಿಯಲ್ಲ. ನಗರಸಭೆಯಲ್ಲೇ ಕಮಿಷನರ್ ಮೇಲೆ ಹರಿಹಾಯ್ದ. ಟ್ಯಾಮನಿಯವರಿಗೂ ಅಷ್ಟು ಹೊತ್ತಿಗೆ ಸಾಕುಸಾಕಾಗಿತ್ತು. ನಾವೇ ಗೆಲ್ಲಿಸಿದ ಮೇಯರು, ಅವನು ಕೂರಿಸಿದ ಕಮಿಷನರು, ನಮ್ಮ ಮನೆಯ ಬಾಗಿಲನ್ನೇ ಒಡೆಯುವುದಾ?

1927ರ ಏಪ್ರಿಲ್‌ನಲ್ಲಿ ಮೆಕ್‌ಲಾಫ್ಲಿನ್ ಕುರ್ಚಿ ಬಿಟ್ಟು ಎದ್ದ. ಹೊರಗೆ ಹೇಳಿದ್ದು ಖಾಸಗಿ ಕಂಪನಿಯಲ್ಲಿ ಒಳ್ಳೆ ಹುದ್ದೆ ಸಿಕ್ಕಿದೆ ಅಂತ. ಅದು ಸುಳ್ಳಲ್ಲ, ತಂತಿ ಟಪಾಲು ವ್ಯವಹಾರದ ಮ್ಯಾಕೆ ಕಂಪನಿಯಲ್ಲಿ ದೊಡ್ಡ ಹುದ್ದೆಯೇ ಸಿಕ್ಕಿತ್ತು. ಆದರೆ ಯಾಕೆ ಹೋದ ಅಂತ ಊರಿಗೆಲ್ಲ ಗೊತ್ತಿತ್ತು. ಒಟ್ಟು ಲೆಕ್ಕ ಹಾಕಿದರೆ ಹದಿನೈದು ತಿಂಗಳ ಮೇಲೆ ಚಿಲ್ಲರೆ ದಿನ.

ಮುಂದಿನ ಕಮಿಷನರ್ ಜೋಸೆಫ್ ವಾರೆನ್, ಮೇಯರನ ಹಳೆಯ ಗೆಳೆಯ. ಆತ ವ್ಯಾಲೆಂಟೈನ್ ದಳವನ್ನು ಮುಟ್ಟಲಿಲ್ಲ. ಆದರೆ 1928ರಲ್ಲಿ ದೊಡ್ಡ ಜೂಜುಕೋರ ಆರ್ನಾಲ್ಡ್ ರಾತ್‌ಸ್ಟೀನ್ ಕೊಲೆಯಾಗಿ, ಕೊಲೆಗಾರ ಸಿಗದೆ, ವಾರೆನ್ ಕೂಡ ಹೋದ. ಆಮೇಲೆ ಬಂದ ಗ್ರೋವರ್ ವೇಲನ್ ಆ ಗುಪ್ತ ದಳವನ್ನೇ ಬರಖಾಸ್ತು ಮಾಡಿ ವ್ಯಾಲೆಂಟೈನ್‌ನ ದರ್ಜೆ ಇಳಿಸಿದ. 1932ರಲ್ಲಿ ಸೀಬರಿ ವಿಚಾರಣೆಯ ಬಿಸಿಗೆ ಮೇಯರ್ ವಾಕರ್ ರಾಜೀನಾಮೆ ಬಿಸಾಕಿ ಯೂರೋಪಿಗೆ ಹಡಗು ಹತ್ತಿದ. 1934ರಲ್ಲಿ ಹೊಸ ಮೇಯರ್ ಲಾ ಗಾರ್ಡಿಯಾ ಬಂದು, ಮೂಲೆಗೆ ಬಿದ್ದಿದ್ದ ವ್ಯಾಲೆಂಟೈನ್‌ನನ್ನು ಕಮಿಷನರೇ ಮಾಡಿದ. 1945ರವರೆಗೆ ಆ ಮನುಷ್ಯ ಕುರ್ಚಿ ಬಿಟ್ಟು ಅಲ್ಲಾಡಲಿಲ್ಲ. ಮೆಕ್‌ಲಾಫ್ಲಿನ್‌ನ ಹದಿನೈದು ತಿಂಗಳು ವ್ಯರ್ಥ ಅನ್ನುವವರು ಈ ಹನ್ನೊಂದು ವರ್ಷವನ್ನೂ ಲೆಕ್ಕಕ್ಕೆ ಹಿಡಿಯಲಿ.

ಇನ್ನು ಬ್ಯಾಂಕಿನ ಕಥೆ. ತಂತಿ ಕಂಪನಿಯಲ್ಲಿ ಬಹಳ ದಿನ ನಿಲ್ಲಲಿಲ್ಲ. ಬ್ರೂಕ್ಲಿನ್ ಟ್ರಸ್ಟ್ ಕಂಪನಿ ಎಂಬ ಬ್ಯಾಂಕಿಗೆ ಅಧ್ಯಕ್ಷನಾಗಿ ತವರಿಗೇ ಮರಳಿದ. 1866ರಷ್ಟು ಹಳೆಯ ಬ್ಯಾಂಕು ಅದು. ಮಾಂಟೆಗ್ಯೂ ಬೀದಿಯಲ್ಲಿ ಇಟಲಿಯ ಅರಮನೆ ಮಾದರಿಯಲ್ಲಿ ಕಟ್ಟಿಸಿದ ಕಲ್ಲಿನ ಕಟ್ಟಡ. ಒಳಗೆ ಹೋದರೆ ಚಾವಣಿ ನೋಡಿ ಕತ್ತು ನೋಯಬೇಕು, ಅಷ್ಟು ಎತ್ತರ.

ಬಂದ ಎರಡೇ ವರ್ಷಕ್ಕೆ 1929ರ ಶೇರುಪೇಟೆ ಕುಸಿತ. 1930ರ ಡಿಸೆಂಬರಿನಲ್ಲಿ ನ್ಯೂಯಾರ್ಕಿನ ಬ್ಯಾಂಕ್ ಆಫ್ ಯುನೈಟೆಡ್ ಸ್ಟೇಟ್ಸ್ ಬಾಗಿಲು ಹಾಕಿತು. ಹೆಸರು ಕೇಳಿ ಸರ್ಕಾರದ ಬ್ಯಾಂಕು ಎಂದು ನಂಬಿ ದುಡ್ಡಿಟ್ಟವರೇ ಬಹಳ. ನಾಲ್ಕು ಲಕ್ಷ ಠೇವಣಿದಾರರು, ಹೆಚ್ಚಿನವರು ಸಣ್ಣ ವ್ಯಾಪಾರಿಗಳು, ದರ್ಜಿಗಳು, ಬೀದಿಗೆ ಬಂದರು. 1933ರ ಮಾರ್ಚಿನಲ್ಲಿ ದೇಶದ ಎಲ್ಲ ಬ್ಯಾಂಕುಗಳಿಗೂ ಅಧ್ಯಕ್ಷ ರೂಸ್‌ವೆಲ್ಟ್ ರಜೆ ಘೋಷಿಸಿದರು. ಬದುಕಿದ್ದವು ಬಾಗಿಲು ತೆರೆದವು, ಸತ್ತವು ಸತ್ತವು. ಬ್ರೂಕ್ಲಿನ್ ಟ್ರಸ್ಟ್ ಬದುಕಿ ಉಳಿಯಿತು. ಹತ್ತು ವರ್ಷ ಮುಂಚೆ ಬೇರೆಯವರ ತಿಜೋರಿಗಳ ಒಳಹೊರಗು ನೋಡಿದ್ದ ಮನುಷ್ಯ ಮೇಲೆ ಕೂತಿದ್ದ ಬ್ಯಾಂಕದು ಎಂಬುದನ್ನು ಮರೆಯಬಾರದು.

ಬ್ಯಾಂಕಿನವರು ಈತನಿಗೆ ಹಿಂದಿನಿಂದ ಇಟ್ಟ ಹೆಸರು ಐದನೇ ಜಾರ್ಜ್! ವಿನ್ಸೆಂಟ್ ಎಂಬುದರ ಇಂಗ್ಲಿಷಿನ ಮೊದಲ ಅಕ್ಷರ ರೋಮನ್ ಲೆಕ್ಕದಲ್ಲಿ ಐದು. ಆಗ ಇಂಗ್ಲೆಂಡಿನ ಸಿಂಹಾಸನದ ಮೇಲೂ ಐದನೇ ಜಾರ್ಜ್. ಅಷ್ಟೇ ಅಲ್ಲ, ಬ್ರೂಕ್ಲಿನ್‌ನಲ್ಲಿ ಈತನ ಮಾತು ರಾಜನ ಮಾತಿನ ಹಾಗೆ ನಡೆಯುತ್ತಿತ್ತು ಎಂಬುದೂ ಅದರೊಳಗಿದೆ. 1934ರಿಂದ ಟ್ರೈಬರೋ ಸೇತುವೆ ಪ್ರಾಧಿಕಾರದಲ್ಲೂ ಈತನಿಗೆ ಸ್ಥಾನ. ಆ ದೊಡ್ಡ ಸೇತುವೆ 1936ರಲ್ಲಿ ತೆರೆಯಿತು. ಕಟ್ಟಿಸಿದವನು ರಾಬರ್ಟ್ ಮೋಸೆಸ್, ಆ ಸಿಟಿ ಟ್ರಸ್ಟ್ ಲಂಚದ ತನಿಖೆ ಮಾಡಿದ್ದವನೂ ಅವನೇ. ಈ ಹೆಸರು ನೆನಪಿನಲ್ಲಿರಲಿ.

ಆದರೆ ಬ್ರೂಕ್ಲಿನ್‌ನ ಬಸ್ಸಿನಲ್ಲಿ, ಟ್ರಾಮಿನಲ್ಲಿ ಓಡಾಡುವ ಜನಕ್ಕೆ ಬ್ಯಾಂಕೂ ಬೇಡ, ಸೇತುವೆಯೂ ಬೇಡ. ಅವರಿಗೆ ಬೇಕಾಗಿದ್ದು ಡಾಡ್ಜರ್ಸ್. ಬೇಸ್‌ಬಾಲ್ ತಂಡ. ನಮಗೆ ಕ್ರಿಕೆಟ್ ಹೇಗೋ ಅವರಿಗೆ ಅದು ಹಾಗೆ. ಡಾಡ್ಜರ್ಸ್ ಎಂಬ ಹೆಸರು ಬಂದದ್ದೂ ಬೀದಿಯಿಂದಲೇ. ರಸ್ತೆ ದಾಟುವಾಗ ಟ್ರಾಮಿಗೆ ಸಿಕ್ಕದ ಹಾಗೆ ತಪ್ಪಿಸಿಕೊಂಡು ಓಡುವವರು ಎಂಬ ಅರ್ಥ.

ಈ ತಂಡದ ಯಜಮಾನಿಕೆಯ ಗೋಜಲನ್ನು ಕೇಳಿ. ಅರ್ಧ ಪಾಲು ಚಾರ್ಲ್ಸ್ ಎಬೆಟ್ಸ್‌ನದು, ಅರ್ಧ ಪಾಲು ಮೆಕೀವರ್ ಅಣ್ಣತಮ್ಮಂದಿರದು. 1925ರ ಏಪ್ರಿಲ್‌ನಲ್ಲಿ ಎಬೆಟ್ಸ್ ತೀರಿಕೊಂಡ. ಅವನ ಅಂತ್ಯಕ್ರಿಯೆಗೆ ಹೋಗಿ ಥಂಡಿ ಹಿಡಿಸಿಕೊಂಡ ಎಡ್ ಮೆಕೀವರ್ ಅದೇ ತಿಂಗಳು ತೀರಿಕೊಂಡ! ಉಳಿದವರು ವಾರಸುದಾರರು. ಅರ್ಧಕ್ಕೆ ಅರ್ಧ, ಯಾರ ಮಾತೂ ನಡೆಯುವುದಿಲ್ಲ. ಅಣ್ಣತಮ್ಮಂದಿರ ಕೂಡು ವ್ಯಾಪಾರದ ಅಂಗಡಿ ಅಪ್ಪ ಸತ್ತ ಮೇಲೆ ಏನಾಗುತ್ತದೋ ಅದೇ ಆಯಿತು. ತಂಡ ಸೋಲುತ್ತ ಬಂತು, ಮೈದಾನ ಹಾಳುಬಿತ್ತು, ಸಾಲ ಬೆಳೆಯಿತು. ಸಾಲ ಕೊಟ್ಟಿದ್ದು ಬ್ರೂಕ್ಲಿನ್ ಟ್ರಸ್ಟ್. ಸುಮಾರು ಐದು ಲಕ್ಷ ಡಾಲರ್ ಬಾಕಿ. ಎಬೆಟ್ಸ್ ಆಸ್ತಿ ನೋಡಿಕೊಳ್ಳುವ ಜವಾಬ್ದಾರಿಯೂ ಅದೇ ಬ್ಯಾಂಕಿನ ಮೇಲೆ.

ಇಂಥ ಗಿರಾಕಿಯನ್ನು ಬ್ಯಾಂಕ್ ಏನು ಮಾಡುತ್ತದೆ? ಜಪ್ತಿ, ಹರಾಜು, ಇನ್ನೇನು. ಆದರೆ ಮುಳುಗುವ ಅಂಗಡಿಯನ್ನು ಹರಾಜು ಹಾಕಿದರೆ ಹಳೇ ಸಾಮಾನಿನ ಬೆಲೆ ಬರುತ್ತದೆಯೇ ಹೊರತು ಸಾಲ ತೀರುವುದಿಲ್ಲ. ಒಳ್ಳೇ ಮ್ಯಾನೇಜರನ್ನು ತಂದು ಕೂರಿಸಿದರೆ ಅಂಗಡಿಯೇ ಸಾಲ ತೀರಿಸುತ್ತದೆ. ಮೆಕ್‌ಲಾಫ್ಲಿನ್ ಹಿಡಿದದ್ದು ಈ ಎರಡನೇ ದಾರಿ. 1938ರಲ್ಲಿ ಲ್ಯಾರಿ ಮೆಕ್‌ಫೇಲ್ ಎಂಬ ಬೆಂಕಿಯುಂಡೆಯನ್ನು ಕರೆಸಿ ಪೂರ್ತಿ ಅಧಿಕಾರ ಕೊಟ್ಟ. ಬಂದವನು ಮೊದಲು ಮಾಡಿದ ಕೆಲಸ ಮತ್ತಷ್ಟು ಸಾಲ ಕೇಳಿದ್ದು! ಹಳೇ ಸಾಲಕ್ಕೇ ಗತಿಯಿಲ್ಲದ ಕ್ಲಬ್ಬಿಗೆ ಮೇಲೆ ಇನ್ನೂ ಎರಡು ಲಕ್ಷ ಡಾಲರ್. ಬೇರೆ ಬ್ಯಾಂಕಾಗಿದ್ದರೆ ಗೇಟಿನಿಂದಲೇ ಕಳಿಸುತ್ತಿತ್ತು. ಇಲ್ಲಿ ಕೊಟ್ಟರು. ಮೈದಾನಕ್ಕೆ ಬಣ್ಣ ಬಂತು, ರಾತ್ರಿ ಆಟಕ್ಕೆ ದೀಪ ಬಂತು, ಕ್ಯಾಮಿಲಿ ಎಂಬ ಆಟಗಾರನನ್ನು ಐವತ್ತು ಸಾವಿರ ಕೊಟ್ಟು ತಂದರು. 1939ರಿಂದ ರೇಡಿಯೋದಲ್ಲಿ ವೀಕ್ಷಕ ವಿವರಣೆ. ಹಗಲೆಲ್ಲ ಅಂಗಡಿಯಲ್ಲಿ ಕೂತ ವ್ಯಾಪಾರಿ ರಾತ್ರಿ ಆಟಕ್ಕೆ ಹೋಗತೊಡಗಿದ. 1941ರಲ್ಲಿ ಡಾಡ್ಜರ್ಸ್ ಲೀಗ್ ಗೆದ್ದಿತು, ಇಪ್ಪತ್ತೊಂದು ವರ್ಷಗಳಲ್ಲಿ ಮೊದಲ ಸಲ. ಸಾಲವೂ ಕರಗುತ್ತ ಬಂತು.

ಯುದ್ಧ ಬಂತು, ಮೆಕ್‌ಫೇಲ್ ಸೈನ್ಯಕ್ಕೆ ಹೋದ. 1942ರ ಕೊನೆಗೆ ಆ ಜಾಗಕ್ಕೆ ಬ್ರಾಂಚ್ ರಿಕಿ ಬಂದ. ಧರ್ಮಭೀರು, ಹೆಂಡ ಮುಟ್ಟದವನು, ಭಾನುವಾರ ಆಟದ ಮೈದಾನಕ್ಕೇ ಕಾಲಿಡದವನು, ಕಾಸಿನಲ್ಲಿ ಮಾತ್ರ ಬಲು ಬಿಗಿ. ಇವನ ತಲೆಯಲ್ಲೊಂದು ಹಳೆಯ ಯೋಚನೆ ಇತ್ತು. ದೊಡ್ಡ ಲೀಗಿನ ಬೇಸ್‌ಬಾಲಿನಲ್ಲಿ ಅರ್ಧ ಶತಮಾನದಿಂದ ಒಬ್ಬನೇ ಒಬ್ಬ ಕರಿಯ ಆಟಗಾರ ಇರಲಿಲ್ಲ. ಲಿಖಿತ ಕಾನೂನಿಲ್ಲ, ಮಾಲೀಕರೆಲ್ಲರ ಒಳ ಒಪ್ಪಂದ. ಬಾವಿ ಎಲ್ಲರದು, ಆದರೆ ಕೆಲವರು ಕೊಡ ಇಳಿಸುವ ಹಾಗಿಲ್ಲ ಎಂಬ ಪದ್ಧತಿಯನ್ನು ನಮ್ಮ ಜನಕ್ಕೆ ವಿವರಿಸಬೇಕೇ?

1943ರಲ್ಲಿ ರಿಕಿ ಈ ವಿಷಯವನ್ನು ಮೊದಲು ಬಾಯಿಬಿಟ್ಟಿದ್ದು ತಂಡದ ಪಾಲುದಾರರ ಮುಂದಲ್ಲ, ಮೆಕ್‌ಲಾಫ್ಲಿನ್ ಮುಂದೆ. ಯಾಕೆಂದರೆ ಅಡಮಾನ ಬ್ಯಾಂಕಿನ ಕೈಯಲ್ಲಿ. ಬ್ಯಾಂಕಿನವರು ಬೇಡ ಅಂದರೆ ಅಲ್ಲಿಗೆ ಮುಗಿಯಿತು. ಆ ಕೋಣೆಯಲ್ಲಿ ನಡೆದದ್ದನ್ನು ರಿಕಿಯ ಕಡೆಯವರು ಆಮೇಲೆ ಹೇಳಿಕೊಂಡು ಬಂದಿದ್ದಾರೆ. ಹೊಸ ಆಟಗಾರರನ್ನು ಹುಡುಕುವಾಗ ಕರಿಯರೂ ಸಿಗಬಹುದು ಎಂದು ರಿಕಿ ಮೆಲ್ಲಗೆ ಬೀಜ ಹಾಕಿದ. ಬ್ಯಾಂಕರ್ ಬೇಡ ಅನ್ನಲಿಲ್ಲ. ಆದರೆ ಸಮಾಜ ಸುಧಾರಣೆಗೆಂದು ಹೊರಟರೆ ನಡೆಯುವುದಿಲ್ಲ, ಉಳಿದವರೆಲ್ಲರಿಗಿಂತ ಚೆನ್ನಾಗಿ ಆಡುವವನು ಸಿಕ್ಕಿದರೆ ಮಾತ್ರ ಗೆಲ್ಲುತ್ತೀಯೆ, ಇಲ್ಲವಾದರೆ ಮುಳುಗುತ್ತೀಯೆ ಎಂಬ ಅರ್ಥದ ಎಚ್ಚರಿಕೆ ಕೊಟ್ಟ.

ಇದನ್ನು ಓದಿ ಕೆಲವರಿಗೆ ಬೇಸರವಾಗಬಹುದು. ಇದೇನು ಉದಾರ ಮನಸ್ಸಿನ ಮಾತೇ? ಬಿಳಿಯ ಆಟಗಾರ ಸಾಧಾರಣ ಆಡಿದರೂ ನಡೆಯುತ್ತದೆ, ಕರಿಯನಾದವನು ಮಾತ್ರ ಅಪ್ಪಟ ಚಿನ್ನ ಆಗಿರಬೇಕು! ನ್ಯಾಯವಲ್ಲ, ಒಪ್ಪಿದೆ. ಆದರೆ ಅದೇ ವರ್ಷ ಉಳಿದ ಹದಿನೈದು ತಂಡಗಳಲ್ಲಿ ಒಂದಕ್ಕೂ ಇಷ್ಟು ಹೇಳುವ ಬ್ಯಾಂಕರ್ ಆಗಲಿ, ಮಾಲೀಕನಾಗಲಿ ಸಿಕ್ಕಿರಲಿಲ್ಲ. ದುಡ್ಡಿನ ಬಾಗಿಲು ಕಾಯುವವನು ಬೀಗ ತೆಗೆದ, ಅಷ್ಟು ಮಾಡಿದ. ಆಮೇಲಿನ ಬೆಂಕಿಯಲ್ಲಿ ನಡೆದು ಹೋದವನು ಬೇರೆ.

ಅವನೇ ಜಾಕಿ ರಾಬಿನ್ಸನ್. 1945ರ ಆಗಸ್ಟ್ 28ರಂದು ಅದೇ ಮಾಂಟೆಗ್ಯೂ ಬೀದಿಯ 215ನೇ ನಂಬರಿನ ಡಾಡ್ಜರ್ಸ್ ಆಫೀಸಿನಲ್ಲಿ ರಿಕಿ ಅವನನ್ನು ಸುಮಾರು ಮೂರು ಗಂಟೆ ಪರೀಕ್ಷೆ ಮಾಡಿದ. ಬ್ಯಾಂಕು ಇದ್ದದ್ದು 177ನೇ ನಂಬರಿನಲ್ಲಿ, ಕೂಗಿದರೆ ಕೇಳುವಷ್ಟು ಹತ್ತಿರ. ಒಂದು ವರ್ಷ ಕೆನಡಾದ ಮಾಂಟ್ರಿಯಲ್ ತಂಡದಲ್ಲಿ ಆಡಿಸಿ, 1947ರ ಏಪ್ರಿಲ್ 15ರಂದು ಎಬೆಟ್ಸ್ ಮೈದಾನಕ್ಕೆ ಇಳಿಸಿದರು. ಬೈಗುಳ, ಬೆದರಿಕೆ ಪತ್ರ, ಬೇಕೆಂದೇ ಕಾಲಿಗೆ ಮುಳ್ಳು ಬೂಟಿನ ತುಳಿತ, ಎಲ್ಲ ಆಯಿತು. ರಾಬಿನ್ಸನ್ ನುಂಗಿಕೊಂಡು ಆಡಿದ. ಡಾಡ್ಜರ್ಸ್ ಆ ವರ್ಷವೂ ಲೀಗ್ ಗೆದ್ದಿತು. ಮೈದಾನಕ್ಕೆ ಆ ವರ್ಷ ಬಂದ ಜನ 18 ಲಕ್ಷ, ಹಿಂದೆಂದೂ ಇಲ್ಲದ ದಾಖಲೆ. ಟಿಕೆಟ್ ಕೌಂಟರಿನ ಗಲ್ಲೆ ಬ್ಯಾಂಕರನ ಲೆಕ್ಕ ತಪ್ಪಿಲ್ಲವೆಂದು ಹೇಳುತ್ತಿತ್ತು.

ಇಷ್ಟರೊಳಗೆ ಯಜಮಾನಿಕೆಯ ಗೋಜಲನ್ನೂ ಬಿಡಿಸಿದ್ದರು. 1944, 45ರಲ್ಲಿ ವಾರಸುದಾರರ ಪಾಲುಗಳನ್ನು ಮೂವರು ಸೇರಿ ಕೊಂಡರು. ರಿಕಿ, ಔಷಧ ಕಂಪನಿ ಫೈಜರ್‌ನ ಜಾನ್ ಸ್ಮಿತ್, ಮೂರನೆಯವನು ವಾಲ್ಟರ್ ಓಮ್ಯಾಲಿ. ಎಬೆಟ್ಸ್ ಮನೆತನದ ಅರ್ಧ ಪಾಲಿಗೆ ಸುಮಾರು ಏಳೂವರೆ ಲಕ್ಷ ಡಾಲರ್. ಸಾಲ ಕೊಟ್ಟವರು ಯಾರು ಅಂತ ಹೇಳಬೇಕಿಲ್ಲ.

ಈ ಓಮ್ಯಾಲಿ ಮೆಕ್‌ಲಾಫ್ಲಿನ್ ಕೈಕೆಳಗೆ ಬೆಳೆದ ಹುಡುಗ. ವಕೀಲ. ಬ್ಯಾಂಕಿನ ಬಾಕಿದಾರರ ಅಡಮಾನದ ಕೇಸು ನೋಡಿಕೊಂಡು ಸಾಹೇಬರ ಕಣ್ಣಿಗೆ ಬಿದ್ದವನು. ಅವರೇ 1943ರಲ್ಲಿ ಡಾಡ್ಜರ್ಸ್ ತಂಡದ ವಕೀಲನಾಗಿ ಇಟ್ಟರು. 1950ರಲ್ಲಿ ಓಮ್ಯಾಲಿ ಹತ್ತೂವರೆ ಲಕ್ಷ ಡಾಲರಿಗೆ ರಿಕಿಯ ಪಾಲನ್ನೂ ಕೊಂಡು ಯಜಮಾನನಾದ. ಅದೇ ವರ್ಷ ಬ್ರೂಕ್ಲಿನ್ ಟ್ರಸ್ಟ್ ಬ್ಯಾಂಕೂ ಮ್ಯಾನುಫ್ಯಾಕ್ಚರರ್ಸ್ ಟ್ರಸ್ಟ್ ಎಂಬ ದೊಡ್ಡ ಬ್ಯಾಂಕಿನಲ್ಲಿ ವಿಲೀನವಾಯಿತು. ಎಂಬತ್ತನಾಲ್ಕು ವರ್ಷದ ಬೋರ್ಡು ಇಳಿಯಿತು.

ಮುಂದಿನದ್ದು ಬ್ರೂಕ್ಲಿನ್‌ನವರು ಇಂದಿಗೂ ಹಲ್ಲು ಕಡಿಯುವ ಸಂಗತಿ. 1955ರಲ್ಲಿ ಡಾಡ್ಜರ್ಸ್ ಮೊಟ್ಟಮೊದಲ ಬಾರಿಗೆ ವರ್ಲ್ಡ್ ಸೀರೀಸ್ ಗೆದ್ದಿತು. ಊರಿಗೆ ಊರೇ ಹಬ್ಬ. ಆದರೆ ಎಬೆಟ್ಸ್ ಮೈದಾನದಲ್ಲಿ ಹಿಡಿಯುವುದು ಮೂವತ್ತೆರಡು ಸಾವಿರ ಜನ, ಕಾರು ನಿಲ್ಲಿಸಲು ಜಾಗವಿಲ್ಲ. ಓಮ್ಯಾಲಿ ಬ್ರೂಕ್ಲಿನ್‌ನ ರೈಲು ನಿಲ್ದಾಣದ ಪಕ್ಕ ಜಾಗ ಕೇಳಿದ. ಕೊಡಿಸಬೇಕಾಗಿದ್ದ ಮನುಷ್ಯ ಯಾರು? ಅದೇ ರಾಬರ್ಟ್ ಮೋಸೆಸ್. ಆತ ಅಲ್ಲಿ ಆಗದು, ಕ್ವೀನ್ಸ್‌ನಲ್ಲಿ ಬೇಕಾದರೆ ತಗೋ ಎಂದ. ಕ್ವೀನ್ಸ್‌ಗೆ ಹೋದರೆ ಬ್ರೂಕ್ಲಿನ್ ಡಾಡ್ಜರ್ಸ್ ಹೇಗಾಗುತ್ತದೆ ಎಂದು ಇವನು. ಜಗ್ಗಾಟ ನಡೆದು, 1957ರ ಅಕ್ಟೋಬರಿನಲ್ಲಿ ಓಮ್ಯಾಲಿ ತಂಡವನ್ನು ಎತ್ತಿಕೊಂಡು ಮೂರು ಸಾವಿರ ಮೈಲಿ ಆಚೆಯ ಲಾಸ್ ಏಂಜಲೀಸಿಗೆ ಹೋಗಿಬಿಟ್ಟ. ಒಂದು ಕಡೆ ಮೆಕ್‌ಲಾಫ್ಲಿನ್ ಬೆಳೆಸಿದ ವಕೀಲ, ಇನ್ನೊಂದು ಕಡೆ ಮೆಕ್‌ಲಾಫ್ಲಿನ್ ಜೊತೆ ಒಂದೇ ಪ್ರಾಧಿಕಾರದ ಮೇಜಿನ ಸುತ್ತ ಕೂತ ಮೋಸೆಸ್. ಸಾಲ ಕೊಟ್ಟು ಉಳಿಸಿದ ತಂಡ ಇವರಿಬ್ಬರ ಹಟದ ನಡುವೆ ಊರು ಬಿಟ್ಟಿತು. ಸಾಲಕ್ಕೆ ಜಾಮೀನು ಬರೆಸಿಕೊಳ್ಳಬಹುದು, ಅಭಿಮಾನಕ್ಕೆ ಯಾವ ಬ್ಯಾಂಕ್ ಬರೆಸಿಕೊಂಡೀತು!

1960ರ ಫೆಬ್ರವರಿಯಲ್ಲಿ ಎಬೆಟ್ಸ್ ಮೈದಾನ ಒಡೆಯಲು ಶುರು ಮಾಡಿದರು. ಗೋಡೆಗೆ ಬಡಿಯುವ ಕಬ್ಬಿಣದ ಗುಂಡಿಗೆ ಬೇಸ್‌ಬಾಲ್ ಚೆಂಡಿನ ಹಾಗೆ ಬಿಳಿ ಬಣ್ಣ ಬಳಿದಿದ್ದರು. ಅಲ್ಲಿ ವಸತಿ ಕಟ್ಟಡ ಎದ್ದಿತು.

ಮೆಕ್‌ಲಾಫ್ಲಿನ್ ಇದನ್ನೆಲ್ಲ ನೋಡಿಯೇ 1967ರ ಡಿಸೆಂಬರಿನಲ್ಲಿ ಎಂಬತ್ತನೇ ವಯಸ್ಸಿನಲ್ಲಿ ತೀರಿಕೊಂಡದ್ದು. ಬ್ಯಾಂಕು ವಿಲೀನದ ಮೇಲೆ ವಿಲೀನ ಕಂಡು, ಮ್ಯಾನುಫ್ಯಾಕ್ಚರರ್ಸ್ ಹ್ಯಾನೋವರ್, ಕೆಮಿಕಲ್ ಬ್ಯಾಂಕ್ ಎಂದು ಬೋರ್ಡು ಬದಲಿಸಿಕೊಂಡು, ಚೇಸ್ ಬ್ಯಾಂಕಿನ ಹೊಟ್ಟೆ ಸೇರಿತು. ಮಾಂಟೆಗ್ಯೂ ಬೀದಿಯ ಕಲ್ಲಿನ ಕಟ್ಟಡವನ್ನು 1996ರಲ್ಲಿ ನಗರದವರು ಸಂರಕ್ಷಿತ ಸ್ಮಾರಕ ಎಂದು ಸಾರಿದರು.

ಇನ್ನು ಆ ಗ್ರೀನ್‌ಪಾಯಿಂಟ್ ಕಾರ್ಪೊರೇಟರ್ ಪೀಟರ್ ಮೆಕ್‌ಗಿನ್ನಿಸ್, ಕ್ಲಬ್ಬಿಗೆ ದಾಳಿ ಆಯಿತೆಂದು ಕಮಿಷನರ್ ಮೇಲೆ ಹಾರಿಬಿದ್ದವನು? 1948ರಲ್ಲಿ ಸಾಯುವ ತನಕ ಬಡಾವಣೆಯ ದೊರೆಯಾಗಿ ಮೆರೆದ. 1960ರ ದಶಕದಲ್ಲಿ ಅಲ್ಲಿನ ಹೆದ್ದಾರಿಯಂಥ ಅಗಲ ರಸ್ತೆಯೊಂದಕ್ಕೆ ಮೆಕ್‌ಗಿನ್ನಿಸ್ ಬುಲೆವಾರ್ಡ್ ಎಂದು ಹೆಸರಿಟ್ಟರು. ಬ್ರೂಕ್ಲಿನ್‌ನಿಂದ ಕ್ವೀನ್ಸ್ ಕಡೆಗೆ ಹೋಗುವ ಲಾರಿ, ಕಾರುಗಳೆಲ್ಲ ಅದರ ಮೇಲೇ ಓಡುತ್ತವೆ.